ದಾರದ ಆಚೆ ಹತ್ತು ಮಾರು

ಬೆಟಗೇರಿ
ತಾ. ೮-೪-೧೯೮೬, ಮಂಗಳವಾರ

ಪ್ರೀತಿಯ ಗೆಳೆಯ ಯಮನೂರಸಾಬನಿಗೆ ಅಂದಾನಪ್ಪನ ಸಲಾಮು, ಶರಣು ಎರಡೂ.

ನಾನು ಇನ್ನೂ ಇದ್ದೇನೆ. ನೀನೂ ಇರುವೆಯೆಂದು ನಂಬಿ ಬರೆಯುತ್ತಿದ್ದೇನೆ. ನಿಮ್ಮ ಮನೆಯಿಂದ ಮೂರು ಕಾರ್ಡು ಬಂದವು, ಮೂರೂ ಸಾಬೀರಾಳ ದುಂಡು ಅಕ್ಷರದಲ್ಲಿ. ಮೊದಲನೆಯದು ಸಂಕ್ರಾಂತಿಗೆ, ಎರಡನೆಯದು ಶಿವರಾತ್ರಿ ಮುಗಿದ ಮೇಲೆ, ಮೂರನೆಯದು ಹೋದ ಶುಕ್ರವಾರ. ಒಂದಕ್ಕೂ ಉತ್ತರ ಹಾಕಲಿಲ್ಲ. ಗದಗಿನ ಕಾಲೇಜಿನಲ್ಲಿ ನಮಗೆ ರಜೆ ಚೀಟಿ ಬರೆಯಲು ಕಲಿಸಿದ್ದರು, ‘ಐ ಬೆಗ್ ಟು ಸ್ಟೇಟ್ ದ್ಯಾಟ್ ಆಸ್ ಐ ಆಮ್ ಸಫರಿಂಗ್ ಫ್ರಮ್’ ಎಂದು. ಇಷ್ಟು ನೆನಪಿದೆ. ಮುಂದೆ ‘ಫೀವರ್’ ಎಂದು ಬರೆಯಬೇಕು. ನನಗೆ ಜ್ವರ ಬಂದಿರಲಿಲ್ಲ. ಆದ್ದರಿಂದ ಕಾರಣ ಬರೆಯದೆ ಬರೀ ತಪ್ಪಾಯಿತು ಎನ್ನುತ್ತೇನೆ.

ಜ್ವರ ಬಂದಿರುವುದು ನಿನಗೆ. ಸಾಬೀರಾ ಬರೆದದ್ದನ್ನು ಎಷ್ಟು ಸಲ ಓದಿದೆನೋ, ಬಾಯಿಪಾಠವಾಗಿದೆ. “ಕಾಕಾ, ಅಬ್ಬಾನ ಜ್ವರ ಇಳಿವಲ್ದು. ಮುಂಡರಗಿ ಡಾಕ್ಟರು ಮನಿಗೆ ಕರಕೊಂಡು ಹೋಗ್ರಿ ಅಂದಾರ. ಊರವರೆಲ್ಲಾ ಬಂದು ಕಹಾ-ಸುನಾ ಮಾಫ್ ಮಾಡಿಸಿಕೊಂಡು ಹೋದ್ರು. ಅಂದಾನಿ ಒಬ್ಬಾಂವ ಉಳದಾನ ಅಂತಾರ ಅಬ್ಬಾ. ಜಲ್ದಿ ಬರ್ರಿ.”

ಹೋಗುವವರು ಇರುವವರಿಂದ, ಇರುವವರು ಹೋಗುವವರಿಂದ, ಆಡಿದ್ದಕ್ಕೂ ಕೇಳಿದ್ದಕ್ಕೂ ಮಾಫಿ ಬೇಡಿಕೊಳ್ಳುವ ನಿಮ್ಮ ಪದ್ಧತಿ ನನಗೆ ಹೊಸದಲ್ಲ. ಲಕ್ಷ್ಮೇಶ್ವರದಲ್ಲಿ ನಿನ್ನ ಅಪ್ಪ ಖಾಸಿಂಸಾಬ ಹತ್ತಿ ಹಿಂಜುವ ಬಿಲ್ಲನ್ನು ಗೋಡೆಗೆ ತೂಗುಹಾಕಿ ಕೊನೆಯ ಸಲ ಮಲಗಿದಾಗ ನಮ್ಮ ಅವ್ವನೂ ಹೋಗಿದ್ದಳು. “ಗಾದಿಗೆ ಹತ್ತಿ ಕಡಿಮಿ ಹಾಕೀದಿ ಅಂತ ಓಣಿ ತುಂಬ ನಿನ್ನ ಬೈಕೋಂತ ತಿರಗಿದ್ನೋ ಖಾಸಿಮಾ, ಮಾಫ್ ಮಾಡು” ಎಂದಳು. ನಿನ್ನ ಅಪ್ಪ, “ಖರೇನ ಕಡಿಮಿ ಹಾಕಿದ್ದೆ ಶೇಖವ್ವಾ, ನೀನ ನನಗ ಮಾಫ್ ಮಾಡು” ಎಂದ. ಇಬ್ಬರೂ ನಕ್ಕರು. ನಾವಿಬ್ಬರೂ ಬಾಗಿಲಲ್ಲಿ ನಿಂತು ನೋಡಿದ್ದೆವು. ಅಷ್ಟು ಸುಲಭದ ಕೆಲಸ ಅದು.

ನನ್ನ ಸುದ್ದಿ ಏನು ಬರೆಯಲಿ. ನನ್ನ ಗುರುಸಿದ್ದವ್ವ ಹೋಗಿ ಒಂದೂವರೆ ವರ್ಷವಾಯಿತು. ನೇಕಾರರ ಸಂಘದ ಗುಮಾಸ್ತಿಕೆ ನಡೆದಿದೆ. ರೊಟ್ಟಿ ಬಡಿಯಲು ಕಲಿತಿದ್ದೇನೆ, ದುಂಡಗೆ ಬರುವುದಿಲ್ಲ. ಓಣಿಯಲ್ಲಿ ಮಗ್ಗದ ಸದ್ದು ಬೆಳಿಗ್ಗೆ ಆರಕ್ಕೇ ಶುರುವಾಗುತ್ತದೆ. ಮಧ್ಯಾಹ್ನ ಕರೆಂಟು ಹೋದಾಗ ಒಮ್ಮೆಲೇ ನಿಲ್ಲುತ್ತದೆ, ಆಗ ಅವಳು ಅಡುಗೆಮನೆಯಲ್ಲಿ ಇಲ್ಲ ಎಂಬುದು ಕೇಳಿಸುತ್ತದೆ. ಅವಳಿದ್ದಾಗ ವರ್ಷಕ್ಕೊಮ್ಮೆಯಾದರೂ ಕರಿಗಡುಬು ಕಟ್ಟಿಕೊಂಡು ನಿಮ್ಮ ಕೊರ್ಲಹಳ್ಳಿಗೆ ಬರುತ್ತಿದ್ದೆವು. ಅವಳು ನಿನ್ನ ಹಾಜಿರಾಬಿಯ ಜೊತೆ ಹೊಳೆಗೆ ಬಟ್ಟೆ ಒಗೆಯಲು ಹೋಗುತ್ತಿದ್ದಳು, ನಾನು ನೀನು ಮಲಗಿದ ಹೊರಸಿನ ಪಕ್ಕ ಕೂರುತ್ತಿದ್ದೆ. ಅವಳು ಹೋದ ಮೇಲೆ ನಾನು ಬಂದಿಲ್ಲ.

ಬರಲು ಹೊರಡಲೇ ಇಲ್ಲ ಎನ್ನಬೇಡ. ಹೋದ ತಿಂಗಳು ಎರಡು ಸಲ ಮುಂಡರಗಿ ಬಸ್‌ಸ್ಟ್ಯಾಂಡಿನವರೆಗೆ ಬಂದಿದ್ದೆ. ಎರಡನೆಯ ಸಲ ಕೊರ್ಲಹಳ್ಳಿ ಬಸ್ಸಿನ ಮೆಟ್ಟಿಲ ಮೇಲೆ ಕಾಲಿಟ್ಟವನು ಇಳಿದುಬಿಟ್ಟೆ. ಬದನೆಕಾಯಿ ಮಾರುವ ನಿಮ್ಮೂರ ಹನಮಂತವ್ವ ಖಾಲಿ ಬುಟ್ಟಿ ಮಡಿಲಲ್ಲಿಟ್ಟುಕೊಂಡು ಕಿಟಕಿಯ ಬಳಿ ಕೂತಿದ್ದಳು.

“ಯಾಕಪಾ ಅಂದಾನಪ್ಪ, ಇಳದೆಲ್ಲ?”

“ಏನೋ ಮರತೇನವ್ವಾ.”

“ಏನ ಮರತಿ?”

ಬಾಯಿಗೆ ಬಂದದ್ದು ಹೇಳಿದೆ. “ಹಣ್ಣ ತರೂದು. ಬರೇಗೈಲೆ ಹ್ಯಾಂಗ ಹೋಗೂದು?”

“ಹಣ್ಣ ತಿನ್ನೂ ಹಂಗ ಅದಾನೇನ ಅಂವಾ? ನಿನ್ನ ಹಾದಿ ನೋಡಿ ನೋಡಿ ಕಣ್ಣ ಬೆಳ್ಳಗ ಮಾಡಿಕೊಂಡಾನ. ಹತ್ತು, ಹತ್ತು. ಒಂದ ಕಾಲಕ್ಕ ಓಡೂ ಬಸ್ಸಿನ ಬೆನ್ನ ಹತ್ತಿ ಹಿಡೀತಿದ್ದೆಂತ. ಈಗ ನಿಂತ ಬಸ್ಸ ಹತ್ತಾಕ ಆಗವಲ್ದೇನು?”

ಬಸ್ಸಿನವರೆಲ್ಲ ನಕ್ಕರು. ನಾನೂ ನಕ್ಕೆ. ಬಸ್ಸು ಹೋಯಿತು. ಹೇಳಿದ ಸುಳ್ಳನ್ನು ನಿಜ ಮಾಡಲೆಂದು ಎರಡು ಡಜನ್ ಬಾಳೆಹಣ್ಣು ಕೊಂಡು ಬೆಟಗೇರಿಗೆ ಹೊತ್ತು ತಂದೆ. ಮೂರು ದಿನ ಅವನ್ನೇ ತಿಂದೆ.

ಕಣ್ಣು ಸೋಲುತ್ತಿದೆ. ನಾಳೆ ಮುಂದುವರಿಸುತ್ತೇನೆ.

ತಾ. ೧೦, ಗುರುವಾರ

ನಾಳೆ ಎಂದದ್ದು ನಾಡಿದ್ದಾಯಿತು. ಸಂಘದಲ್ಲಿ ನೂಲು ಬಂದಿತ್ತು.

ಸಾಬೀರಾ ಎರಡನೆಯ ಕಾರ್ಡಿನಲ್ಲಿ ಒಂದು ಮಾತು ಕೇಳಿದ್ದಳು. “ಅಬ್ಬಾ ಜ್ವರದಾಗ ‘ಕೊಡಲೇ, ಹಿಂದಕ್ಕ ಕೊಡಲೇ’ ಅಂತ ಬಡಬಡಸ್ತಾರ. ಅದೇನ ಆಟ ಕಾಕಾ?” ಎಂದು. ನಿನ್ನ ಕೈಬೆರಳು ಕಾಗದ ಹಿಡಿಯಲಾರವು. ಇದನ್ನೂ ಅವಳೇ ಓದಿ ಹೇಳುತ್ತಾಳೆ. ಆದ್ದರಿಂದ ನಿನಗೆ ಗೊತ್ತಿದ್ದದ್ದನ್ನೇ ಬರೆಯುತ್ತಿದ್ದೇನೆ. ಓದುವವಳಿಗೂ ತಿಳಿಯಲಿ.

ಮಗಳೇ, ನಾನು ಓಡುವವ, ನಿಮ್ಮ ಅಪ್ಪ ನನ್ನ ಅಂಗಿ ಹಿಡಿದುಕೊಂಡು ನಿಲ್ಲುವವ. ಲಕ್ಷ್ಮೇಶ್ವರದ ಶಾಲೆಯಲ್ಲಿ ನಮ್ಮ ವ್ಯವಸ್ಥೆ ಅದು. ಶಿರಹಟ್ಟಿಯಲ್ಲಿ ತಾಲ್ಲೂಕಿನ ಓಟಗಳು ನಡೆದಾಗ ನಾನು ಗುರಿಯಲ್ಲಿ ಕಟ್ಟಿದ ದಾರ ಹತ್ತಿರ ಬಂತೆಂದು ವೇಗ ಇಳಿಸಿ ಎರಡನೆಯವನಾದೆ. ಡ್ರಿಲ್ ಮಾಸ್ತರ ಚನ್ನಬಸವಣ್ಣನವರು ಎಲ್ಲರೆದುರು ಕಿವಿ ಹಿಂಡಿದರು. “ದಾರಕ್ಕ ಓಡಬ್ಯಾಡಲೇ ಮಂಗ್ಯಾ! ದಾರದ ಆಚೆ ಹತ್ತು ಮಾರಿಗೆ ನಿಮ್ಮವ್ವ ಬುತ್ತಿ ಹಿಡಕೊಂಡು ನಿಂತಾಳ ಅಂತ ತಿಳಕೊ. ಅಲ್ಲಿಗೆ ಓಡು. ದಾರ ನಡುವ ತಾನ ಹರೀತೈತಿ.” ಆಮೇಲೆ ನಾನು ಹಾಗೆಯೇ ಓಡಿದೆ. ಗದಗಿನ ಕಾಲೇಜಿನಲ್ಲಿ ನೂರು ಮೀಟರನ್ನು ಹನ್ನೊಂದು ಸೆಕೆಂಡಿನೊಳಗೆ ಓಡಿದೆ, ಬರಿಗಾಲಲ್ಲಿ, ಎರೆಮಣ್ಣಿನ ಮೇಲೆ. ಇಂಗ್ಲಿಷಿನಲ್ಲಿ ಎರಡು ಸಲ ನಪಾಸಾದೆ.

ಅರವತ್ತೆಂಟರಲ್ಲಿ ಬೆಳಗಾವಿಯಲ್ಲಿ ಮಿಲಿಟರಿ ಭರ್ತಿ ನಡೆಯಿತು. ನನಗೆ ಓಟದ ಸರ್ಟಿಫಿಕೇಟುಗಳಿದ್ದವು. ನಿನ್ನ ಅಪ್ಪ ಎಂದಿನಂತೆ ಅಂಗಿ ಹಿಡಿಯಲು ಬಂದಿದ್ದ. ಸುಬೇದಾರ ಅವನ ಕಡೆ ಕೈಮಾಡಿ, “ಆ ಹೋರಿಕುತ್ತಿಗೆಯವನನ್ನೂ ಸಾಲಿಗೆ ನಿಲ್ಲಿಸಿ” ಎಂದು ಹಿಂದಿಯಲ್ಲಿ ಕೂಗಿದ. ನನ್ನನ್ನು ಕಾಲು ನೋಡಿ ತೆಗೆದುಕೊಂಡರು, ಅವನನ್ನು ಕುತ್ತಿಗೆ ನೋಡಿ. ಮನೆಗೆ ಹೋಗಿ ಹಾಜಿರಾಬಿಗೆ ಏನು ಹೇಳಲೆಂದು ಅವನು ಬಸ್ಸಿನಲ್ಲಿ ಅಳುತ್ತ ನಗುತ್ತ ಬಂದ. ನೀನಾಗ ಹೊಟ್ಟೆಯಲ್ಲಿದ್ದೆ.

ಪುಣೆಯ ಪಲ್ಟಣದಲ್ಲಿ ನಾನು ಓಟಗಾರನೆಂದೇ ಆರಾಮಾಗಿದ್ದೆ. ಮಿಲಿಟರಿಯ ದೊಡ್ಡ ಕೂಟದಲ್ಲಿ ಎಪ್ಪತ್ತೊಂದನೇ ಇಸವಿಯಲ್ಲಿ ಮೂರನೆಯವನಾಗಿ ಬಂದೆ. ಅದನ್ನು ನೋಡಿದ ಕ್ಯಾಪ್ಟನ್ ಸಾಹೇಬರು ರಗ್ಬಿ ತಂಡಕ್ಕೆ ಎಳೆದುಕೊಂಡರು. “ಅಂಚಿನಲ್ಲಿ ನಿಂತಿರು, ಚೆಂಡು ಕೈಗೆ ಬಂದರೆ ಓಡು, ಬೇರೆ ಏನೂ ಯೋಚಿಸಬೇಡ” ಎಂದರು. ನಿನ್ನ ಅಪ್ಪನನ್ನು ಮುಂದಿನ ಸಾಲಿಗೆ ಹಾಕಿದರು, ಕುತ್ತಿಗೆ ಇರುವವರ ಸಾಲು ಅದು. ತತ್ತಿಯಾಕಾರದ ಆ ಚೆಂಡನ್ನು ಮೊದಲ ದಿನ ಕೈಯಲ್ಲಿ ಹಿಡಿದು ಅವನು, “ಇದನ್ನ ಕೋಳಿ ಇಟ್ಟೈತೋ, ಎಮ್ಮಿ ಇಟ್ಟೈತೋ?” ಎಂದ. ಚೆಂಡನ್ನು ಕೈಯಿಂದ ಹಿಂದಕ್ಕೆ ಮಾತ್ರ ಕೊಡಬೇಕು, ಮುಂದಕ್ಕೆ ಎಸೆಯುವಂತಿಲ್ಲ ಎಂದು ತಿಳಿದಾಗ, “ಏ ಅಂದಾನಿ, ಇದು ಹೊಸಾ ಮದಿಮಗಳು ಗಂಡನ ಮನಿಗೆ ಹೊಂಟಂಗ ಐತಲ್ಲೋ. ಕಾಲ ಮುಂದ, ಕಣ್ಣ ಹಿಂದ!” ಎಂದ. ಕನ್ನಡ ಬಾರದ ತಂಡದವರೂ ನಗುವ ಹಾಗೆ ನಡೆದು ತೋರಿಸಿದ. ನಿಮ್ಮ ಅಪ್ಪನ ನಡಿಗೆ ನಿನಗೆ ನೆನಪಿರಲಿಕ್ಕಿಲ್ಲ. ಅದಕ್ಕೆ ಬರೆದೆ.

ಎರಡು ನಿಯಮ ತಿಳಿದುಕೋ, ಸಾಕು. ಮೈದಾನದ ತುದಿಯಲ್ಲಿ ಒಂದು ಗೆರೆ. ಅದನ್ನು ದಾಟಿದರಷ್ಟೇ ಸಾಲದು, ದಾಟಿದ ಮೇಲೆ ಚೆಂಡನ್ನು ಕೈಯಾರೆ ನೆಲಕ್ಕೆ ಊರಬೇಕು. ಸಾಮಾನ್ಯವಾಗಿ ಅದರ ಮೇಲೆ ಬೋರಲು ಬೀಳುತ್ತಾರೆ. ಅದಕ್ಕೆ ಟ್ರೈ ಎನ್ನುತ್ತಾರೆ, ನಾಲ್ಕು ಅಂಕ. ಆರೇಳು ಹೆಜ್ಜೆ ಆಚೆ ಇನ್ನೊಂದು ಗೆರೆ. ಚೆಂಡು ಹಿಡಿದು ಅದನ್ನು ತುಳಿದರೆ ಮಾಡಿದ್ದೆಲ್ಲ ಶೂನ್ಯ.

ಎಪ್ಪತ್ನಾಲ್ಕನೇ ಇಸವಿಯ ಸಪ್ಟೆಂಬರ್. ಮುಂಬಯಿ, ಅಖಿಲ ಭಾರತ ಪಂದ್ಯದ ಫೈನಲ್, ಎದುರಿಗೆ ಕಲ್ಕತ್ತೆಯವರು. ಮಳೆಗೆ ಮೈದಾನ ಗದ್ದೆಯಾಗಿತ್ತು. ನಾವು ಎರಡು ಅಂಕ ಹಿಂದಿದ್ದೆವು, ಎರಡು ನಿಮಿಷ ಉಳಿದಿತ್ತು. ನಿಮ್ಮ ಅಪ್ಪ ಮೂವರ ಕೆಳಗಿನಿಂದ ಚೆಂಡು ಕಿತ್ತು ಎದ್ದು, ನನ್ನ ಕಡೆ ನೋಡದೆಯೇ ಹಿಂದಕ್ಕೆ ಕೊಟ್ಟ. ನಾನಿರುವ ಜಾಗ ಅವನಿಗೆ ನೋಡದೆ ಗೊತ್ತಿರುತ್ತಿತ್ತು. ಓಡಿದೆ. ಯಾರೂ ಮುಟ್ಟಲಿಲ್ಲ. ಗೆರೆ ದಾಟಿದೆ. ಬೀಳಲಿಲ್ಲ. ಹಾಗೇ ಹೋಗಿ ಹಿಂದಿನ ಗೆರೆ ತುಳಿದೆ.

ಟ್ರೈ ಆಗಿದ್ದರೆ ಅದರ ಬೆನ್ನಿಗೆ ನಮಗೆ ಸಿಗುವ ಒಂದು ಒದೆತಕ್ಕೇ ಆ ಎರಡು ನಿಮಿಷ ಮುಗಿದು ಸೀಟಿ ಊದುತ್ತಿತ್ತು, ಎಲ್ಲರೂ ನಡೆದುಕೊಂಡು ಹೊರಗೆ ಬರುತ್ತಿದ್ದೆವು. ಆಟ ಮುಂದುವರಿಯಿತು. ಕಲ್ಕತ್ತೆಯವರ ಕೈಯಿಂದ ಚೆಂಡು ಜಾರಿತು. ಹಾಗಾದಾಗ ಸ್ಕ್ರಮ್ ಕಟ್ಟಬೇಕು. ಎರಡೂ ಕಡೆಯ ಎಂಟೆಂಟು ಜನ ಹೆಗಲು ಹೆಗಲು ಹೆಣೆದುಕೊಂಡು, ತಲೆಗೆ ತಲೆ ಕೊಟ್ಟು ದೂಡಾಡುವುದು. ಕೆಸರಿನಲ್ಲಿ ಅದು ಕುಸಿಯಿತು. ಎಲ್ಲರೂ ಎದ್ದರು. ನಿಮ್ಮ ಅಪ್ಪ ಮುಖ ನೆಲಕ್ಕಿಟ್ಟುಕೊಂಡೇ ಇದ್ದ. ನಾನು ಅಂಚಿನಲ್ಲಿ ನಿಂತಿದ್ದೆ. ಏನೋ ತಮಾಷೆ ಮಾಡುತ್ತಿದ್ದಾನೆ ಎಂದುಕೊಂಡೆ.

ಇಷ್ಟು ಕತೆ.

ಯಮನೂರಾ, ಆಸ್ಪತ್ರೆಯಲ್ಲಿ ಕ್ಯಾಪ್ಟನ್ ಸಾಹೇಬರು ನಿನ್ನ ಮಂಚದ ಪಕ್ಕದಲ್ಲೇ ನನ್ನನ್ನು ಬಾಯಿಗೆ ಬಂದಂತೆ ಬೈದಾಗ, ನೀನು ಛಾವಣಿ ನೋಡುತ್ತಲೇ ಹೇಳಿದೆ: “ಸಾಬ್, ಅದು ಅವನ ರೂಢಿ. ದಾರ ದಾಟಿ ಓಡುವುದನ್ನು ಅವನಿಗೆ ಚಿಕ್ಕಂದಿನಿಂದ ಕಲಿಸಿದ್ದಾರೆ.” ಆಮೇಲೆ ಪಲ್ಟಣದಲ್ಲಿ ಎಲ್ಲರೂ ಅದನ್ನೇ ಹೇಳತೊಡಗಿದರು. ಓಟಗಾರನಿಗೆ ಗೆರೆ ಕಂಡರೆ ನಿಲ್ಲಲು ಬರುವುದಿಲ್ಲ, ಪಾಪ. ಮರುವರ್ಷ ನೂರು ಮೀಟರಿನಲ್ಲಿ ಕೊನೆಯವನಾದೆ. ಮನಸ್ಸಿಗೆ ಹಚ್ಚಿಕೊಂಡಿದ್ದಾನೆ ಎಂದು ಅದಕ್ಕೂ ಕನಿಕರಪಟ್ಟರು. ಎಪ್ಪತ್ತೇಳರಲ್ಲಿ ಬಿಟ್ಟು ಬಂದೆ. ಅಲ್ಲಿಂದ ಇಲ್ಲಿಯವರೆಗೆ ಯಾವ ಕಾರಣಕ್ಕೂ ಓಡಿಲ್ಲ.

ಹಾಜಿರಾಬಿಯ ತವರೂರೆಂದು ನೀವು ಕೊರ್ಲಹಳ್ಳಿ ಸೇರಿದಿರಿ. ನಾನು ಬಂದಾಗಲೆಲ್ಲ ನಿನ್ನ ಹೊರಸಿನ ಸುತ್ತ ಯಾರಾದರೂ ಇರುತ್ತಿದ್ದರು. ನೀನು ಹೊಸಬರಿಗೆ ನನ್ನ ಪರಿಚಯ ಮಾಡಿಕೊಡುತ್ತಿದ್ದೆ. “ಇಂವಾ ನಮ್ಮ ಅಂದಾನಿ. ಗಾಳಿ ಇದ್ದಂಗ ಓಡ್ತಿದ್ದ. ಆವತ್ತ ಆದದ್ದರಾಗ ಅವಂದೇನ ತಪ್ಪಿಲ್ರಿ, ಮಾಸ್ತರ ಕಲಸಿದ್ದ ಹಂಗ.” ಅವರು ನನ್ನನ್ನು ಮಮತೆಯಿಂದ ನೋಡುತ್ತಿದ್ದರು. ಹಾಜಿರಾಬಿ ಚಹಾ ಕೊಡುತ್ತಿದ್ದಳು. ಸತ್ತುಹೋದ ಚನ್ನಬಸವಣ್ಣ ಮಾಸ್ತರರ ಮೇಲೆ ಎಲ್ಲರೂ ತಪ್ಪು ಹೊರಿಸಿ ಚಹಾ ಕುಡಿಯುತ್ತಿದ್ದೆವು.

ನಮ್ಮ ಓಣಿಯ ಮಲಂಗಸಾಬನನ್ನು ನೀನು ಬಲ್ಲೆ, ಮಸೂತಿಯ ಹತ್ತಿರದ ದರ್ಜಿ, ಸತ್ತವರಿಗೆ ಕಫನ್ ಹೊಲಿಯುವವನು. ಸಾಬೀರಾಳ ಮೂರನೆಯ ಕಾರ್ಡು ಬಂದ ದಿನ ಅವನ ಹತ್ತಿರ ಹೋಗಿ, ಯಾರದೋ ಮಾತೆಂಬಂತೆ ಕೇಳಿದೆ.

“ಮಲಂಗಣ್ಣಾ, ಕಹಾ-ಸುನಾ ಮಾಫ್ ಅಂದ್ರ ಎಲ್ಲಾನೂ ಮಾಫೇನು? ಅಂವಗ ಗೊತ್ತಿಲ್ಲದ್ದೂ?”

ಅವನು ಸೂಜಿಗೆ ದಾರ ಪೋಣಿಸುತ್ತಿದ್ದ. “ಸಣ್ಣ ಪುಟ್ಟದ್ದಕ್ಕ ನಡೀತೈತಿ. ಬೈದದ್ದು, ಸಿಟ್ಟ ಮಾಡಿದ್ದು. ದೊಡ್ಡದಿದ್ರ ಹೇಳಬೇಕು. ಏನ ತಪ್ಪಂತ ಹೇಳಲಾರದ ಮಾಫಿ ಕೇಳಿದ್ರ ಖಾಲಿ ಲಕೋಟಿ ಕೊಟ್ಟಂಗ.”

“ಹೇಳಿದ್ರ ಅಂವಾ ಮಾಫ್ ಮಾಡಲಿಲ್ಲಂದ್ರ?”

“ಮಾಡೂದು ಬಿಡೂದು ಅವನ ಹಕ್ಕ. ಅದನ್ನ ಕಸಗೊಂಡ ಕುಂತೀರಿ ನೀವು.” ಆಮೇಲೆ ಕನ್ನಡಕದ ಮೇಲಿನಿಂದ ನೋಡಿದ. “ಯಾರೋ ಅಂದ್ಯಲ್ಲ, ಯಾರ ಅವರು?”

“ಸಂಘದಾಗಿನವರು” ಎಂದೆ.

“ಸಂಘದಾಗಿನವರಿಗೆ ಹೇಳು, ಜಲ್ದಿ ಹೋಗು ಅಂತ. ನಾ ಬಟ್ಟಿ ಹರಿಯೂದರಾಗ ಹೋಗು ಅಂತ ಹೇಳು.”

ಗುರುಸಿದ್ದವ್ವನಿಗೂ ಏನೋ ತಿಳಿದಿತ್ತು. ಹುಬ್ಬಳ್ಳಿ ಆಸ್ಪತ್ರೆಯಲ್ಲಿ, ಹೋಗುವ ಎರಡು ದಿನ ಮೊದಲು, ನೀರು ಕೇಳುವಷ್ಟೇ ಸಹಜವಾಗಿ ಕೇಳಿದಳು. “ಯಮನೂರಣ್ಣ ನಿಮ್ಮನ್ನ ಹೊಗಳಿದಾಗೆಲ್ಲಾ ನಿಮ್ಮ ಮಾರಿ ಯಾಕ ಹಂಗ ಆಗ್ತೈತ್ರಿ? ಏನರ ಇದ್ರ ನನಗ ಹೇಳ್ರಿ. ನಾ ಹೊಂಟಾಕಿ. ನನ್ನ ಕೂಡ ಹೋಗ್ತೈತಿ.”

“ಏನಿಲ್ಲ, ಗಂಜಿ ಕುಡಿ” ಎಂದೆ.

ಅವಳು ಗಂಜಿ ಕುಡಿದಳು. ಹನ್ನೆರಡು ವರ್ಷದಲ್ಲಿ ಹೇಳಲು ಸಿಕ್ಕ ಒಂದೇ ಬಾಗಿಲನ್ನು ಹ್ಯಾಗೆ ಮುಚ್ಚಿದೆ ನೋಡು.

ನೀನು ಮಾಫಿ ಕೇಳಬೇಕೆಂದು ಕರೆಯುತ್ತಿರುವೆ ಎಂದು ಸಾಬೀರಾ ಎರಡನೆಯ ಕಾರ್ಡಿನಲ್ಲೇ ಬರೆದಿದ್ದಳು. ಪುಣೆಯ ಆಸ್ಪತ್ರೆಯಲ್ಲಿ ಮೊದಲ ಮೂರು ತಿಂಗಳು, ನಾನು ಎದ್ದುಹೋದ ಮೇಲೆ, ನನ್ನ ಕಾಲು ಮುರಿಯಲಿ ಎಂದು ದುವಾ ಮಾಡುತ್ತಿದ್ದೆಯಂತೆ. ಅದನ್ನು ಇಷ್ಟು ವರ್ಷ ಎದೆಯಲ್ಲಿಟ್ಟುಕೊಂಡು, ಅದಕ್ಕಾಗಿ ನನ್ನೆದುರು ಕೈಮುಗಿಯಬೇಕೆಂದು ಜೀವ ಹಿಡಿದುಕೊಂಡಿದ್ದೀಯಂತೆ. ಕೈ ಜೋಡಿಸಲು ಬಾರದವನು ನನ್ನೆದುರು ಕೈಮುಗಿಯುವುದು. ಯಮನೂರಾ, ಅದನ್ನು ನೋಡಲಾರದೆ ಬಸ್ಸು ಇಳಿದೆ. ಆ ದುವಾ ನ್ಯಾಯವಾದದ್ದಿತ್ತು. ಅದಕ್ಕೆ ಮಾಫಿ ಬೇಕಿಲ್ಲ.

ಇನ್ನು ಮುಗಿಸುತ್ತೇನೆ. ತಂಗಿ ಹಾಜಿರಾಬಿಗೆ ನನ್ನ ನಮಸ್ಕಾರ. ಹನ್ನೆರಡು ವರ್ಷ ನಿನ್ನ ಬೆನ್ನಿಗೆ ಹುಣ್ಣಾಗದಂತೆ ಮಗ್ಗುಲು ಬದಲಿಸಿದ ಅವಳ ಕೈಗಳಿಗೆ ದೇವರು ಸ್ವಲ್ಪ ವಿಶ್ರಾಂತಿ ಕೊಡಲಿ. ಸಾಬೀರಾಳಿಗೆ ಒಳ್ಳೆಯ ಮನೆ ಸಿಗಲಿ, ಅವಳ ಅಕ್ಷರ ಓದಲು ಬಲ್ಲ ಗಂಡ ಸಿಗಲಿ. ನಮಗೆ ಮಕ್ಕಳಾಗಲಿಲ್ಲ, ಗುರುಸಿದ್ದವ್ವ ಅವಳನ್ನೇ ನಮ್ಮವಳೆಂದುಕೊಂಡಿದ್ದಳು. ನಿನ್ನ ಜ್ವರ ಇಳಿಯಲಿ. ಹೊಳೆಯ ಗಾಳಿ ನಿನ್ನ ಮೈಮೇಲೆ ತಣ್ಣಗೆ ಬೀಸಲಿ.

ನಿನ್ನ
ಅಂದಾನಿ

ತಾ. ಕ.
ಶುಕ್ರವಾರ, ಬೆಳಿಗ್ಗೆ

ಸಾಬೀರಾ, ಮಗಳೇ, ಇಲ್ಲಿಂದ ಮುಂದೆ ನಿಲ್ಲಿಸಬೇಡ. ಮನಸ್ಸಿನಲ್ಲೇ ಮೊದಲು ಓದಿಕೊಂಡು ಅಪ್ಪನಿಗೆ ಬೇರೇನೋ ಹೇಳಬೇಡ. ಒಂದು ಅಕ್ಷರ ಬಿಡದೆ, ಗಟ್ಟಿಯಾಗಿ ಓದು. ಇದನ್ನು ನಿನ್ನ ಬಾಯಿಂದ ಹೇಳಿಸುತ್ತಿರುವುದು ಇನ್ನೊಂದು ತಪ್ಪು. ಅದೂ ಗೊತ್ತಿದೆ.

ಯಮನೂರಾ, ಅದು ರೂಢಿಯಾಗಿರಲಿಲ್ಲ.

ಗೆರೆ ದಾಟಿದ್ದು ನನಗೆ ಗೊತ್ತಿತ್ತು. ಬೀಳಬೇಕೆಂದೂ ಗೊತ್ತಿತ್ತು. ಮೂರು ವರ್ಷದಲ್ಲಿ ಹತ್ತೊಂಬತ್ತು ಟ್ರೈ ಮಾಡಿದವನು ನಾನು, ಒಮ್ಮೆಯೂ ಮರೆತಿರಲಿಲ್ಲ. ಆಸ್ಪತ್ರೆಯಲ್ಲಿ ಯಾರಿಗೂ ಆ ಲೆಕ್ಕ ಹೊಳೆಯಲಿಲ್ಲ, ಅಥವಾ ನಿನಗೆ ಹೊಳೆದೂ ಸುಮ್ಮನಾದೆಯೋ. ಮಂಡಿ ಆಗಲೇ ಬಾಗಿತ್ತು. ಆಗ ಹಿಂದಿನ ಗೆರೆಯ ಆಚೆ ಪೇಪರಿನ ಫೋಟೋದವನು ನಿಂತಿದ್ದು ಕಂಡಿತು. ಅಷ್ಟು ವರ್ಷ ಓಡಿದ್ದೆ, ಒಂದು ಪೇಪರಿನಲ್ಲೂ ನನ್ನ ಮುಖ ಬಂದಿರಲಿಲ್ಲ. ಬೋರಲು ಬಿದ್ದರೆ ಕೆಸರು ಮೆತ್ತಿದ ತಲೆಯ ಚಿತ್ರ ಬರುತ್ತದೆ, ನಿಂತು ಓಡುತ್ತಿದ್ದರೆ ಮುಖ ಬರುತ್ತದೆ. ನಾಲ್ಕು ಹೆಜ್ಜೆ ಎದೆ ಎತ್ತಿ ಹೋಗಿ ಆಮೇಲೆ ಬಿದ್ದರಾಯಿತು ಎಂದುಕೊಂಡೆ. ಮೂರನೆಯ ಹೆಜ್ಜೆಗೆ ಕಾಲು ಜಾರಿತು, ನಿಂತ ಹಾಗೇ ಕೆಸರಿನಲ್ಲಿ ಜಾರುತ್ತ ಹೋಗಿ ಹಿಂದಿನ ಗೆರೆ ತುಳಿದೆ.

ಆ ಮನುಷ್ಯ ಕ್ಯಾಮೆರಾ ಎತ್ತಿರಲೂ ಇಲ್ಲ. ಅದರ ಗಾಜಿನ ಮೇಲಿನ ಮಳೆಹನಿಯನ್ನು ಅಂಗಿಯ ತುದಿಯಿಂದ ಒರೆಸುತ್ತಿದ್ದ.

ಇಷ್ಟಕ್ಕೆ ನಿನ್ನ ಕಾಲು ಹೋದವು, ಕೈ ಹೋದವು. ಇದಕ್ಕೆ ಮಾಫ್ ಮಾಡು ಎಂದು ಬರೆಯಲು ಕೈ ಬರುತ್ತಿಲ್ಲ. ನಿನ್ನ ಹಕ್ಕನ್ನು ನಿನಗೆ ಕೊಟ್ಟಿದ್ದೇನೆ, ಏನಾದರೂ ಮಾಡು. ಮತ್ತೆ ಆ ದುವಾ ಮಾಡಬೇಕೆನಿಸಿದರೆ ಮಾಡು.

ಲಕೋಟೆ ಅಂಟಿಸುವ ಮೊದಲು ಇದೊಂದು ಮಾತು. ಏಳೂವರೆಯ ಬಸ್ಸು ಇನ್ನೂ ಹೋಗಿಲ್ಲ. ಇದನ್ನು ಕೈಯಲ್ಲಿ ಹಿಡಿದು ಹತ್ತಿದರೆ ಮೂರು ತಾಸಿನಲ್ಲಿ ನಿನ್ನ ಹೊರಸಿನ ಪಕ್ಕ ಇರುತ್ತೇನೆ. ಟಪಾಲಿಗೆ ಹಾಕಿದರೆ ಕೊರ್ಲಹಳ್ಳಿಗೆ ಮೂರು ದಿನ, ಒಮ್ಮೊಮ್ಮೆ ನಾಲ್ಕು. ಅಷ್ಟು ದಿನ ನಿನ್ನ ಹತ್ತಿರ ಇವೆಯೋ ಇಲ್ಲವೋ ನನಗೆ ಗೊತ್ತಿಲ್ಲ. ಗೊತ್ತಿಲ್ಲ ಎಂಬುದು ಚೆನ್ನಾಗಿ ಗೊತ್ತಿದ್ದೇ ಟಪಾಲಿಗೆ ಹಾಕುತ್ತಿದ್ದೇನೆ.